ಮೋನಪ್ಪನವರ ಅವಸರದ ಸುತ್ತಿಗೆ

ಅರಗಿನ ಮುದ್ರೆ ಸರಿಯಾಗಿಯೇ ಇತ್ತು. ತೊಂದರೆ ಶುರುವಾದದ್ದು ಅಲ್ಲಿಂದಲೇ.

ದಾದರ್‌ನಲ್ಲಿರುವ ತಮ್ಮ ಒಡವೆ ಅಂಗಡಿಯಲ್ಲಿ ಶ್ರೀರಾಮ್ ಎಲ್ಲರೆದುರು ಮುದ್ರೆ ಒಡೆದು ಪೆಟ್ಟಿಗೆ ತೆರೆದರು. ಹಿಂದಿನ ದಿನ ಟೀವಿ ಹರಾಜಿನಲ್ಲಿ ಗೆದ್ದ ಪಚ್ಚೆಯ ಅಡ್ಡಿಕೆ ಮಖಮಲ್ಲಿನ ಮೇಲೆ ಮಲಗಿತ್ತು. ಕೊರಳಿಗೆ ಒತ್ತಿ ಕೂರುವ ಹಳೆ ಮೈಸೂರಿನ ಒಡವೆ. ಮಾಟುಂಗದ ಸರಸ್ವತಮ್ಮ ಅದನ್ನು ಹೆಣ್ಣುಮಕ್ಕಳ ಹಾಸ್ಟೆಲ್ಲಿಗಾಗಲಿ ಎಂದು ಹರಾಜಿಗೆ ಕೊಟ್ಟಿದ್ದರು. ಶ್ರೀರಾಮ್ ಅವರ ಹೆಂಡತಿ ಆಗಲೇ ಕನ್ನಡಿ ಹಿಡಿದು ನಿಂತಿದ್ದರು.

ಅಂಗಡಿಯ ಹಳೆಯ ಅಕ್ಕಸಾಲಿ ಒಡವೆ ಎತ್ತಿಕೊಂಡ. ಮಸೂರದಲ್ಲಿ ನೋಡಿದ. ಇನ್ನೊಮ್ಮೆ ನೋಡಿದ. ಮೆಲ್ಲಗೆ ವಾಪಸ್ ಇಟ್ಟ.

"ಏನಾಯ್ತು?"

"ಸೇಠ್, ಇದು ಗಾಜು."

* * *

ಮರುದಿನ ಬೆಳಿಗ್ಗೆ ಪ್ರಿಯಂವದಾ ಗೋರೆಗಾಂವ್ ಠಾಣೆಯ ಮೆಟ್ಟಿಲು ಹತ್ತಿದಳು. ಅಡ್ಡಿಕೆಗೆ ವಿಮೆ ಕೊಟ್ಟ ಕಂಪನಿಯ ತನಿಖಾಧಿಕಾರಿ ಅವಳು. ಇಪ್ಪತ್ತು ವರ್ಷದಿಂದ ಸುಟ್ಟ ಗೋಡೌನು, ಮುಳುಗಿದ ಕಾರು, ಕಳೆದುಹೋದ ಉಂಗುರ ಇವುಗಳ ಹಿಂದೆಯೇ ಅಲೆದವಳು. ಗಡಿಬಿಡಿ ಅವಳ ಜಾಯಮಾನದಲ್ಲಿಲ್ಲ. ಎದುರಿನವರು ಗಡಿಬಿಡಿ ಮಾಡಿದರೆ ಇನ್ನೂ ನಿಧಾನವಾಗುತ್ತಾಳೆ.

"ಬರ್ರಿ ಮ್ಯಾಡಂ, ಕುಂದರ್ರಿ," ಎಂದ ಇನ್‌ಸ್ಪೆಕ್ಟರ್ ಚಂದ್ರಾಮ. ಸೊಲ್ಲಾಪುರದ ಕಡೆಯವನು. ಮರಾಠಿಯಲ್ಲಿ ಬೈದು ಕನ್ನಡದಲ್ಲಿ ಸಮಾಧಾನ ಹೇಳುವ ಆಸಾಮಿ. "ಕೇಸು ಮುಗದಂಗs ಐತಿ."

"ಹೇಗೆ?"

"ಹರಾಜಿನ ದಿನ ಮುಂಜಾನೆ ಪರೀಕ್ಷಾ ಮಾಡಿದಾಗ ಒಡವಿ ಅಸಲಿ ಇತ್ತು. ಹರಾಜಿಗಿಂತ ಮೊದಲ ಕ್ಲೋಸಪ್ ತಗೋತಾರಲ್ರಿ, ಆ ಫಿಲ್ಮಿನ್ಯಾಗೂ ಅಸಲಿನs ಐತಿ. ಹರಾಜು ಆದಕೂಡ್ಲೇ ವೇದಿಕಿ ಮ್ಯಾಲೇ ಅರಗು ಹಾಕ್ಯಾರ. ಅಂದ್ರ ಬದಲಾಗಿದ್ದು ನಡುವಿನ ಹಾದ್ಯಾಗ. ಆ ಹಾದ್ಯಾಗ ಪೆಟಿಗಿ ಇದ್ದದ್ದು ಒಬ್ಬಾಕಿ ಕೈಯಾಗ."

"ಗಾಜಿನ ಡಮ್ಮಿ ಒಂದಿತ್ತಂತಲ್ಲ, ಲೈಟಿಂಗ್ ನೋಡೋಕೆ ಮಾಡಿಸಿದ್ದು?"

"ಅದು ಸ್ಟುಡಿಯೋದ ಕಪಾಟಿನ್ಯಾಗs ಐತ್ರಿ. ನಾನs ನೋಡೇನಿ. ಈಕಿ ಇನ್ನೊಂದು ಮಾಡಿಸ್ಯಾಳ."

ಒಳಗಿನ ಬೆಂಚಿನ ಮೇಲೆ ಸೇವಂತಿ ಕೂತಿದ್ದಳು. ಐವತ್ತು ದಾಟಿದ ಹೆಂಗಸು. ಬೈಕುಲ್ಲಾದ ಹರಾಜು ಮನೆಯಲ್ಲಿ ಮೋನಪ್ಪನವರ ಪಕ್ಕ ನಿಂತು ಸಾಮಾನು ಎತ್ತಿ ತೋರಿಸುತ್ತ ಬಂದವಳು. ಮೋನಪ್ಪ ಟೀವಿಗೆ ಹೋದಾಗ "ಸೇವಂತಿ ಬಂದರೆ ಮಾತ್ರ ನಾನು ಬರುವುದು" ಎಂದು ಹಟ ಹಿಡಿದು ಅವಳನ್ನೂ ಕರೆದೊಯ್ದಿದ್ದರು.

ಮೋನಪ್ಪ ಯಾರೆಂದು ಮುಂಬಯಿಯಲ್ಲಿ ಯಾರಿಗೂ ಹೇಳಬೇಕಾಗಿಲ್ಲ. ಕಾರ್ಕಳದ ಕಡೆಯಿಂದ ಬಂದು, ಮಾಟುಂಗದ ಹೋಟೆಲಿನಲ್ಲಿ ತಟ್ಟೆ ತೊಳೆದು, ಆಮೇಲೆ ಬೈಕುಲ್ಲಾದಲ್ಲಿ ಮುಚ್ಚಿದ ಹೋಟೆಲುಗಳ ಗ್ರೈಂಡರು, ಕುರ್ಚಿ, ಹಂಡೆಗಳನ್ನು ಕೂಗಿ ಮಾರಿದವರು. ಈಗ 'ತೀನ್ ಬಾರ್' ಎಂಬ ಟೀವಿ ಹರಾಜು ಕಾರ್ಯಕ್ರಮದ ಹೀರೋ. ಮದುವೆಮನೆಗಳಲ್ಲಿ ಮಕ್ಕಳು ಅವರ ಧ್ವನಿ ಮಾಡಿ ಲಾಡು ಹರಾಜು ಹಾಕುತ್ತವೆ. ಅವರದೊಂದು ಪದ್ಧತಿ ಇಡೀ ದೇಶಕ್ಕೇ ಗೊತ್ತು. ಸಾಮಾನಿನ ಕೊರತೆಯನ್ನು ತಾವೇ ಹೇಳದೆ ಸವಾಲು ಶುರುಮಾಡುವವರಲ್ಲ. "ಕಾಲು ಕುಂಟು, ನೋಡಿ ತಗೊಳ್ಳಿ" ಎಂದು ಕುರ್ಚಿ ಮಾರಿದ ಮನುಷ್ಯ.

"ದಾರಿಯಲ್ಲಿ ಪೆಟ್ಟಿಗೆ ಎಲ್ಲಾದರೂ ಇಟ್ಟಿದ್ರಾ?" ಪ್ರಿಯಂವದಾ ಕೇಳಿದಳು.

"ಇಲ್ಲಮ್ಮ. ಕ್ಲೋಸಪ್ಪಿಗೆ ಕೊಟ್ಟೆ. ವಿಕ್ರಂ ಸರ್ ಕಪ್ಪು ಬಟ್ಟೆಯ ಗೂಡಿನೊಳಗೆ ಹೋಗಿ ತೆಗೆದ್ರು. ವಾಪಸ್ ಪೆಟ್ಟಿಗೆಯಲ್ಲಿ ಇಟ್ಟು, ಮುಚ್ಚಿ ಕೊಟ್ರು. ಸೀದಾ ವೇದಿಕೆಗೆ ತಂದೆ. ಎಲ್ಲ ಸಾಮಾನಿಗೂ ಹಾಗೇ ಮಾಡುದು." ಸೇವಂತಿ ಸೆರಗಿನಿಂದ ಮುಖ ಒರೆಸಿಕೊಂಡಳು. "ಮೋನಪ್ಪಣ್ಣ ಎಂತ ಹೇಳಿದ್ರು?"

"ಏನೂ ಹೇಳಿಲ್ಲ."

"ಅವರಿಗೆ ಹುಷಾರಿಲ್ಲವೋ ಏನೋ. ಅವರು ಬಂದು ಒಂದು ಮಾತು ಹೇಳಿದ್ರೆ ಇವರು ನನ್ನನ್ನು ಬಿಡ್ತಾರೆ. ಬರ್ತಾರೆ, ನೋಡಿ ಬೇಕಾದ್ರೆ."

ಪ್ರಿಯಂವದಾಗೆ ಸಂಕಟವಾಯಿತು. ಒಮ್ಮೆ ಕಳ್ಳಿ ಎನ್ನಿಸಿಕೊಂಡರೆ ಬೈಕುಲ್ಲಾದ ಯಾವ ಹರಾಜು ಮನೆಯೂ ಈ ಹೆಂಗಸನ್ನು ಬಾಗಿಲೊಳಗೆ ಬಿಡುವುದಿಲ್ಲ.

"ಅರೆಸ್ಟ್ ಯಾವಾಗ?" ಹೊರಗೆ ಬಂದು ಕೇಳಿದಳು.

"ಹೊತ್ತು ಮುಳುಗೂದರಾಗ ಮಾಡಬೇಕ್ರಿ. ಕತ್ತಲಾದ ಮ್ಯಾಲೆ ಹೆಣ್ಣಮಕ್ಕಳನ್ನ ಅರೆಸ್ಟ್ ಮಾಡೂಹಂಗಿಲ್ಲ."

"ಹಾಗಾದ್ರೆ ಸಂಜೆ ತನಕ ಸುಮ್ಮನಿರಿ. ಚಹಾ ಕೊಡಿ ಅವರಿಗೆ."

* * *

"ಮ್ಯಾಡಂ, ನನ್ನ ಕನ್ನಡ ಥೋಡಾ ವೀಕ್," ಎಂದು ನಕ್ಕ ವಿಕ್ರಂ. 'ತೀನ್ ಬಾರ್' ನಿರ್ದೇಶಕ. ಮುಂಬಯಿಯಲ್ಲೇ ಹುಟ್ಟಿ ಬೆಳೆದ ಹುಡುಗ. "ಘರ್ ಮೇ ಅಮ್ಮನ ಜೊತೆ ಮಾತ್ರ. ಫುಟೇಜ್ ಎಷ್ಟು ಬೇಕು ಅಷ್ಟು ನೋಡಿ."

ಸೆಟ್ಟಿಗೆ ಹಳೆ ಕುರ್ಚಿ ಕೊಳ್ಳಲು ಬೈಕುಲ್ಲಾಕ್ಕೆ ಹೋದಾಗ ಮೋನಪ್ಪನವರ ಕೂಗು ಕೇಳಿ ಅಲ್ಲೇ ನಿಂತವನು ಅವನೇ. ಕುರ್ಚಿ ಬಿಟ್ಟು ಕೂಗುವವರನ್ನೇ ಎತ್ತಿಕೊಂಡು ಬಂದೆ ಎಂದು ಎಲ್ಲರಿಗೂ ಹೇಳಿಕೊಳ್ಳುತ್ತಾನೆ.

ಪ್ರಿಯಂವದಾ ಸ್ಟುಡಿಯೋದ ಪರದೆಯ ಮುಂದೆ ಕೂತಳು. ಆ ದಿನದ ಹರಾಜುಗಳನ್ನು ಒಂದೊಂದಾಗಿ ನೋಡಿದಳು. ಒಂದು ಹಿತ್ತಾಳೆ ದೀಪ. "ಬತ್ತಿಯ ಬಾಯಿ ಒಡೆದಿದೆ" ಎಂದರು ಮೋನಪ್ಪ. ಒಂದು ಗಡಿಯಾರ. "ದಿನಾ ಸ್ವಲ್ಪ ಹಿಂದೆ ಬೀಳ್ತದೆ." ನಡುನಡುವೆ ವಿಕ್ರಂನ ಧ್ವನಿ. "ಕಟ್! ಫಿರ್ ಸೇ!" ಮೂಗಿನ ಮೇಲೆ ನೊಣ ಕೂತದ್ದಕ್ಕೆ ಒಂದು ರೀಟೇಕ್. ಯಾರೋ ಕೆಮ್ಮಿದ್ದಕ್ಕೆ ಇನ್ನೊಂದು.

ಕೊನೆಗೆ ಅಡ್ಡಿಕೆ ಬಂತು. ಮೋನಪ್ಪ ಎತ್ತಿಕೊಂಡರು. ಕೈ ಅರೆಗಳಿಗೆ ತಡೆಯಿತು. ಬೆರಳು ಕಿವಿಗೆ ಹೋಯಿತು. ನಿರ್ದೇಶಕನ ಮಾತು ಕೇಳುವ ಪುಟ್ಟ ಯಂತ್ರ ಅಲ್ಲಿತ್ತು. ಆಮೇಲೆ ಸರಸರನೆ ಸವಾಲು. ಕೊರತೆಯ ಮಾತೇ ಇಲ್ಲ. ಏಕ್ ಬಾರ್, ದೋ ಬಾರ್, ಸುತ್ತಿಗೆ ಬಿತ್ತು. ಹಿಂದಿನ ಸಾಲಿನಲ್ಲಿ ಒಬ್ಬ ಹೆಂಗಸು ಎತ್ತಿದ ಕೈ ಹಾಗೇ ಇತ್ತು.

ಮೋನಪ್ಪ ವೇದಿಕೆ ಇಳಿದು ಹೋದರು. ಸೇವಂತಿ ಬಂದು, ಒಡವೆ ಮುಟ್ಟದೆ, ಪೆಟ್ಟಿಗೆಯ ಮುಚ್ಚಳ ಹಾಕಿ ಅರಗು ಸುರಿದಳು. ಅಷ್ಟೂ ಹೊತ್ತು ಪೆಟ್ಟಿಗೆ ಕ್ಯಾಮರಾದ ಕಣ್ಣೆದುರೇ ಇತ್ತು.

"ಎತ್ತಿದ ಕೈ ಅವರಿಗೆ ಕಾಣಲಿಲ್ವಾ?"

"ಏಜ್, ಮ್ಯಾಡಂ," ವಿಕ್ರಂ ದನಿ ತಗ್ಗಿಸಿದ. "ಕಾಕಾ ಈಗ ಮೊದಲಿನ ಜೈಸಾ ಇಲ್ಲ."

ಪ್ರಿಯಂವದಾ ಬೆಳಗಿನ ರಿಹರ್ಸಲ್ ಹಾಕಿಸಿಕೊಂಡು ನೋಡಿದಳು. ಡಮ್ಮಿ ಹಿಡಿದ ಮೋನಪ್ಪ ಅಲ್ಲೂ ಕೊರತೆ ಹೇಳಲಿಲ್ಲ. ಅಲ್ಲೂ ಅದೇ ಅವಸರ. ಊಟದ ಹೊತ್ತಾಗಿದೆ ಎನ್ನುವವರ ಹಾಗೆ ಮುಗಿಸಿಬಿಟ್ಟಿದ್ದರು.

ಅವಳು ವಿಕ್ರಂಗೆ ಥ್ಯಾಂಕ್ಸ್ ಹೇಳಿ, ಎರಡೂ ತುಣುಕುಗಳನ್ನು ಫೋನಿಗೆ ಹಾಕಿಸಿಕೊಂಡು ಎದ್ದಳು.

* * *

ದಾದರ್‌ನಲ್ಲಿ ಲೋಕಲ್ ಇಳಿದು, ಟ್ಯಾಕ್ಸಿ ಹಿಡಿದು ಅವಳು ಮಾಟುಂಗಕ್ಕೆ ಬಂದಾಗ ಮೋನಪ್ಪ ತಮ್ಮ ಹಳೆಯ ಹೋಟೆಲಿನ ಮೂಲೆಯ ಮೇಜಿನಲ್ಲಿ ಕೂತಿದ್ದರು. ಎದುರಿಗೆ ಆರಿದ ಕಾಫಿ. ಸೆಲ್ಫಿ ಕೇಳಲು ಬಂದ ಇಬ್ಬರು ಅವರ ಮುಖ ನೋಡಿ ಹಿಂದೆ ಸರಿದರು.

"ನನಗೆ ಹೇಳ್ಲಿಕ್ಕೆ ಎಂತದೂ ಇಲ್ಲ," ಎಂದರು ಅವರು.

"ಹಿಂದಿನ ಸಾಲಿನ ಕೈ ನಿಮಗೆ ಕಾಣಿಸ್ತು."

"ವಯಸ್ಸಾಯ್ತು."

"ಸುಳ್ಳು. ನಿಮ್ಮ ಕಣ್ಣು ನನ್ನ ಕಣ್ಣಿಗಿಂತ ಚೆನ್ನಾಗಿದೆ. ಕೊರತೆ ಯಾಕೆ ಹೇಳಲಿಲ್ಲ? ಅಡ್ಡಿಕೆಯ ನಡುವಿನ ಹರಳಿನಲ್ಲಿ ಗೆರೆ ಇತ್ತು. ಅದನ್ನು ಹೇಳೇ ಮಾರ್ತೀನಿ ಅಂತ ಹರಾಜಿನ ದಿನ ಬೆಳಿಗ್ಗೆ ಮಾತು ಕೊಟ್ಟಿದ್ರಂತೆ, ಸರಸ್ವತಮ್ಮನವರೇ ನನಗೆ ಹೇಳಿದ್ರು."

ಮೋನಪ್ಪ ಲೋಟ ತಿರುಗಿಸುತ್ತ ಕೂತರು.

"ನಾನೇ ಹೇಳ್ತೀನಿ," ಎಂದಳು ಪ್ರಿಯಂವದಾ. "ಎತ್ತಿದ ಕೂಡಲೇ ಅದು ಡಮ್ಮಿ ಅಂತ ನಿಮಗೆ ಗೊತ್ತಾಯ್ತು. ಇದು ರಿಹರ್ಸಲ್ ಅಂತ ಯಾರೋ ಕಿವಿಯಲ್ಲಿ ಹೇಳಿದ್ರು. ಅದಕ್ಕೇ ಬೇಗ ಮುಗಿಸಿದ್ರಿ. ಅಷ್ಟು ಗೊತ್ತಿದ್ದೂ ನಿನ್ನೆಯಿಂದ ಬಾಯಿಗೆ ಬೀಗ ಹಾಕ್ಕೊಂಡಿದ್ದೀರಿ. ಯಾಕೆ?"

ಮೋನಪ್ಪನವರ ಕಣ್ಣು ಒದ್ದೆಯಾಯಿತು.

"ಹೇಳಿದ್ರೆ ಅವಳು ಜೈಲಿಗೆ ಹೋಗ್ತಾಳೆ ಮಾರಾಯ್ತಿ."

"ಯಾರು?"

"ಸೇವಂತಿ. ವೇದಿಕೆ ಇಳಿದ ಮೇಲೆ ವಿಕ್ರಂ ಹೇಳಿದ, ಕಾಕಾ, ರಿಹರ್ಸಲೇ ಚೆಂದ ಬಂತು, ಅದನ್ನೇ ಇಟ್ಕೊಳ್ತೇವೆ. ಸವಾಲು ಹೇಗೂ ನಿಜವಾದದ್ದೇ. ಅಸಲಿ ಒಡವೆ ಸೇವಂತಿ ಕೈಯಲ್ಲಿ ಕೊಟ್ಟಿದ್ದೇನೆ, ಅರಗು ಹಾಕುವಾಗ ಬದಲು ಮಾಡ್ತಾಳೆ ಅಂತ. ಟೀವಿಯಲ್ಲಿ ಇಂಥ ತಲೆಕೆಳಗು ಕೆಲಸ ದಿನಾ ಉಂಟು. ನಾನು ನಂಬಿದೆ. ಮರುದಿನ ಪೆಟ್ಟಿಗೆಯಲ್ಲಿ ಗಾಜು ಅಂದ್ರು. ಹಾಗಾದ್ರೆ ಅಸಲಿ ಎಲ್ಲಿ ಹೋಯ್ತು? ಯಾಕೆ ಮಾಡಿದಳೋ, ಎಂತ ಕಷ್ಟವೋ. ನನ್ನ ಬಾಯಿಂದ ಬರುವುದು ಬೇಡ ಅಂತ ಕೂತೆ."

"ಆ ದಿನದ ಶೂಟಿಂಗ್ ನೋಡಿದ್ರಾ?"

"ನನ್ನ ಮುಖ ನಾನು ಟೀವಿಯಲ್ಲಿ ನೋಡುದಿಲ್ಲ. ನಾಚಿಕೆ ಆಗ್ತದೆ."

ಪ್ರಿಯಂವದಾ ಫೋನನ್ನು ಮೇಜಿನ ಮೇಲಿಟ್ಟು ಅವರ ಕಡೆ ತಿರುಗಿಸಿದಳು. ಸೇವಂತಿ ಬಂದಳು. ಖಾಲಿ ಕೈ. ಮುಚ್ಚಳ ಹಾಕಿದಳು. ಅರಗು ಸುರಿದಳು. ಯಾರೂ ಅವಳಿಗೆ ಏನನ್ನೂ ಕೊಡಲಿಲ್ಲ. ಅವಳು ಏನನ್ನೂ ಬದಲಿಸಲಿಲ್ಲ.

ಮೋನಪ್ಪ ಇನ್ನೊಮ್ಮೆ ಹಾಕಿ ಎಂದರು. ಇನ್ನೊಮ್ಮೆ ನೋಡಿದರು. ಆಮೇಲೆ ಹಣೆ ಹಣೆ ಚಚ್ಚಿಕೊಂಡರು. ಗಲ್ಲಾದ ಮೇಲಿದ್ದವರು ಗಾಬರಿಯಾಗಿ ಎದ್ದು ನಿಂತರು.

* * *

ಅವರು ಸ್ಟುಡಿಯೋ ತಲುಪಿದಾಗ ಬಿಸಿಲು ಇನ್ನೂ ಇತ್ತು. ಚಂದ್ರಾಮ ಇಬ್ಬರು ಪೇದೆಗಳೊಂದಿಗೆ ಬಂದಿದ್ದ. ಮೋನಪ್ಪ ಬಾಗಿಲ ಹತ್ತಿರ ನಿಂತಿದ್ದರು.

"ವಿಕ್ರಂ, ನೊಣಕ್ಕೂ ರೀಟೇಕ್ ಮಾಡೋರು ನೀವು," ಎಂದಳು ಪ್ರಿಯಂವದಾ. "ಎತ್ತಿದ ಕೈ ಬಿಟ್ಟು ಸುತ್ತಿಗೆ ಬಿತ್ತು. ಆ ದಿನದ ಅತ್ಯಂತ ಕೆಟ್ಟ ಶಾಟ್ ಅದು. ಅದೊಂದಕ್ಕೆ ಯಾಕೆ ಕಟ್ ಹೇಳಲಿಲ್ಲ?"

"ಟೈಮ್ ಇರಲಿಲ್ಲ."

"ಅಲ್ಲ. ಇನ್ನೊಂದು ಟೇಕ್ ಮಾಡಿದ್ರೆ ಮೋನಪ್ಪನವರು ಅದನ್ನು ನಿಜವಾದ ಹರಾಜು ಅಂತ ಮಾಡ್ತಿದ್ರು. ಕೈಗೆ ಡಮ್ಮಿ ಬಂದ್ರೆ ಅಲ್ಲೇ ಹರಾಜು ನಿಲ್ಲಿಸ್ತಿದ್ರು. ಆ ಹಾಲ್‌ನಲ್ಲಿ ಸವಾಲು ಹಾಕಿದವರಿಗೆ ಅದು ನಿಜ. ಅರಗು ಕಾಯಿಸಿದ ಸೇವಂತಿಗೂ ನಿಜ. ರಿಹರ್ಸಲ್ ಅಂತ ಕೇಳಿಸಿದ್ದು ಒಂದೇ ಕಿವಿಗೆ. ಪೆಟ್ಟಿಗೆಯಲ್ಲಿ ಡಮ್ಮಿ ಇದೆ ಅಂತ ಮೊದಲೇ ಗೊತ್ತಿದ್ದವನಿಗೆ ಮಾತ್ರ ಆ ಮಾತು ಹೇಳೋ ಅಗತ್ಯ ಇತ್ತು."

"ಪ್ರೂಫ್ ಏನಿದೆ? ಕಿವಿಯಲ್ಲಿ ಹೇಳಿದ್ದು ರೆಕಾರ್ಡ್ ಆಗಲ್ಲ. ಬುಡ್ಢಾ ಆದ್ಮಿ ಏನೋ ಹೇಳ್ತಾರೆ."

"ಕ್ಲೋಸಪ್ ತೆಗೆದದ್ದು ನೀವೊಬ್ಬರೇ, ಕಪ್ಪು ಬಟ್ಟೆಯೊಳಗೆ. ಅಸಲಿಯ ಚಿತ್ರ ತೆಗೆದು ಡಮ್ಮಿ ಪೆಟ್ಟಿಗೆಗೆ ಹಾಕಿದ್ರಿ. ಆದ್ರೆ ಗೇಟಿನಲ್ಲಿ ಎಲ್ಲರ ಚೀಲ ತಪಾಸಣೆ ಆಗುತ್ತೆ. ಅಸಲಿ ಹೊರಗೆ ಹೋಗೋ ಹಾಗಿರಲಿಲ್ಲ." ಅವಳು ಚಂದ್ರಾಮನ ಕಡೆ ತಿರುಗಿದಳು. "ನೀವು ನೋಡಿದ್ರಲ್ಲ, ಆ ಕಪಾಟು ತೆಗೆಸಿ."

ಪೇದೆ ಕಪಾಟಿನಿಂದ ಪ್ಲಾಸ್ಟಿಕ್ ಡಬ್ಬಿ ತಂದ. ಮೇಲೆ ದಪ್ಪಕ್ಷರದಲ್ಲಿ 'ಡಮ್ಮಿ' ಎಂದು ಚೀಟಿ. ಮೋನಪ್ಪ ಮುಂದೆ ಬಂದು ಒಡವೆಯನ್ನು ಅಂಗೈ ಮೇಲೆ ಇಟ್ಟುಕೊಂಡರು. ಕಿಟಕಿಯ ಬೆಳಕಿಗೆ ಹಿಡಿದರು.

"ಗೆರೆ ಉಂಟು. ಇದೇ ಸರಸ್ವತಮ್ಮನದ್ದು."

"ಅಯ್ಯ ಇವನs!" ಚಂದ್ರಾಮ ಬಾಯಿ ಬಿಟ್ಟ. "ನಿನ್ನೆ ಈ ಡಬ್ಬಿ ನನ್ನ ಕೈಯಾಗ ಇತ್ತಲ್ಲೋ!"

ವಿಕ್ರಂ ಕುರ್ಚಿಗೆ ಕುಸಿದ. ಸೆಟ್ ಕಿತ್ತ ದಿನ ಹಳೆ ಸಾಮಾನಿನ ಜೊತೆ ಡಬ್ಬಿಯನ್ನೂ ಸಾಗಿಸುವ ಲೆಕ್ಕಾಚಾರ ಅವನದು.

"ಬೈಕುಲ್ಲಾ ಗಲ್ಲಿಯಿಂದ ನಾನು ಅವರನ್ನ ತಂದೆ," ಎಂದ. "ಎಲ್ಲಾ ಕಡೆ ಅವರ ಪೋಸ್ಟರ್. ಚಾನೆಲ್ ಮುಂದಿನ ತಿಂಗಳು ನನ್ನನ್ನ ತೆಗೀತಿದೆ, ಕಾಕಾನ ಇಟ್ಕೋತಿದೆ. ಮುಝೇ ಕ್ಯಾ ಮಿಲಾ? ನನಗೇನು ಸಿಕ್ತು?"

ಚಂದ್ರಾಮ ಅವನ ತೋಳು ಹಿಡಿದು ಎಬ್ಬಿಸಿದ.

* * *

ಠಾಣೆಯಿಂದ ಸೇವಂತಿ ಹೊರಗೆ ಬಂದಾಗ ಮೋನಪ್ಪ ಗೇಟಿನ ಬಳಿ ನಿಂತಿದ್ದರು. ಅವಳ ಮುಖ ಅರಳಿತು.

"ನಾನು ಹೇಳಿದ್ದೆ ಅಮ್ಮ, ಬರ್ತಾರೆ ಅಂತ," ಎಂದಳು ಪ್ರಿಯಂವದಾಗೆ. ಆಮೇಲೆ ಅವರ ಕಡೆ ತಿರುಗಿದಳು. "ಮೋನಪ್ಪಣ್ಣ, ಇಷ್ಟು ಹೊತ್ತು ಯಾಕೆ ಬರ್ಲಿಲ್ಲ?"

ಮೋನಪ್ಪ ಹೇಳಿದರು. ಏನೂ ಮುಚ್ಚಿಡದೆ ಹೇಳಿದರು. ಕಿವಿಯಲ್ಲಿ ಕೇಳಿದ ಮಾತು, ತಾವು ನಂಬಿದ್ದು, ಅವಳನ್ನು ಉಳಿಸಬೇಕೆಂದು ಸುಮ್ಮನೆ ಕೂತದ್ದು. ಸೇವಂತಿ ಕೇಳುತ್ತ ನಿಂತಳು. ನಗು ಮೆಲ್ಲಗೆ ಇಳಿಯಿತು.

"ಅಂದ್ರೆ ನಾನೇ ಕದ್ದದ್ದು ಅಂತ ನಿಮಗೆ ಅನಿಸಿತು."

"ತಪ್ಪಾಯ್ತು ಸೇವಂತಿ. ನಿನ್ನ ಕಾಲಿಗೆ ಬೀಳ್ತೇನೆ."

"ಪೊಲೀಸಿನವರಿಗೆ ನಾನು ಯಾರು? ಅವರು ಸಂಶಯಪಟ್ಟದ್ದಕ್ಕೆ ನನಗೆ ಬೇಜಾರಿಲ್ಲ," ಎಂದಳು ಅವಳು. "ನೀವು ಬಂದು ಕೇಳಬಹುದಿತ್ತಲ್ಲ. ತೆಗೆದೆಯಾ ಅಂತ ಒಂದು ಮಾತು. ಇಲ್ಲ ಅಂತ ಹೇಳ್ತಿದ್ದೆ."

ಮೋನಪ್ಪ ಕೈಮುಗಿದು ನಿಂತುಬಿಟ್ಟರು.

ಸೇವಂತಿ ಚಪ್ಪಲಿ ಸರಿಮಾಡಿಕೊಂಡಳು. "ರೈಲ್ವೆ ಸ್ಟೇಷನ್ ಯಾವ ಕಡೆ ಅಮ್ಮ?" ಎಂದು ಪ್ರಿಯಂವದಾಳನ್ನು ಕೇಳಿದಳು. ಪ್ರಿಯಂವದಾ ತಾನೂ ಬರುತ್ತೇನೆಂದು ಜೊತೆಗೆ ಹೆಜ್ಜೆ ಹಾಕಿದಳು. ಸ್ವಲ್ಪ ದೂರ ಹೋದ ಮೇಲೆ ತಿರುಗಿ ನೋಡಿದರೆ ಮೋನಪ್ಪ ಹಿಂದೆಯೇ ಬರುತ್ತಿದ್ದರು. ಸೇವಂತಿ ನಿಲ್ಲಲಿಲ್ಲ. ಬರಬೇಡಿ ಎಂದೂ ಹೇಳಲಿಲ್ಲ.