ಸೊನ್ನೆ ತೋರಿಸಿದ ಮುಳ್ಳು

"ವಾಲ್ವ್ ನಾ ತೆಗದಿದ್ದೆ ರೀ. ಯಾರೂ ನಂಬವಲ್ರು."

ಇಷ್ಟು ಹೇಳಿ ಆಸ್ಫಿಯಾ ತಲೆ ತಗ್ಗಿಸಿದಳು. ಜೇವರ್ಗಿ ಕಾಲೋನಿಯ ಪಂಚಶೀಲಾ ಹಿಂದೆ ವಿಮಾನ ಅಪಘಾತಗಳ ತನಿಖೆ ಮಾಡುತ್ತಿದ್ದವರು; ಈಗ ಕಲಬುರಗಿಯ ಬಗೆಹರಿಯದ ಗಂಟುಗಳೆಲ್ಲ ಅವರ ಮನೆಗೇ ಬರುತ್ತಿದ್ದವು. ಪಕ್ಕದಲ್ಲಿ ಕುಳಿತಿದ್ದ ಗೆಳತಿ ಮಂಜುಷಾ ಸೇಡಂ ರಸ್ತೆಯ ಕಿವಿ ವೈದ್ಯೆ. ಬೋನಿಗೆ ಬಿದ್ದಂತಿದ್ದ ಹುಡುಗಿಯ ನೋಟ ಅವಳನ್ನು ಕಲಕಿತು.

ಕಮಲಾಪುರದ ಹತ್ತಿರದ ವಿಮಾನ ತಾಂತ್ರಿಕ ಶಾಲೆಯಲ್ಲಿ ಅಭ್ಯಾಸಕ್ಕೆಂದು ಹಳೆಯ ಪ್ರಯಾಣಿಕ ವಿಮಾನವೊಂದಿತ್ತು. ಬಾಗಿಲು ಮುಚ್ಚಿ, ಹೊರಗಿನ ಯಂತ್ರದಿಂದ ಗಾಳಿ ತುಂಬಿ, ಒಳಗಿನ ಒತ್ತಡ ಪರೀಕ್ಷಿಸಿದ ದಿನ ಶಿಕ್ಷಕ ನೀಲಕಂಠ ಸತ್ತಿದ್ದ. ಪರೀಕ್ಷೆ ಮುಗಿದ ಮೇಲೆ ವಾಲ್ವ್ ತೆರೆದು ಗಾಳಿ ಹೊರಬಿಡುವ ಕೆಲಸ ವಿಮಾನದೊಳಗಿದ್ದ ವಿದ್ಯಾರ್ಥಿನಿ ಆಸ್ಫಿಯಾಳದು. ತುಂಬುವಾಗ ಒತ್ತಡವನ್ನು ಹೊರಗಿನ ಯಂತ್ರದ ಮೇಲೇ ಓದುತ್ತಿದ್ದರು; ಒಳಗಿನ ಒತ್ತಡದ ಮುಳ್ಳನ್ನು ಬಾಗಿಲು ತೆಗೆಯುವ ಮುನ್ನವಷ್ಟೇ ನೋಡುತ್ತಿದ್ದರು. ಅದು ಸೊನ್ನೆಯಲ್ಲಿದೆಯೆಂದು ಅವಳ ಜೊತೆ ಒಳಗಿದ್ದ ನೀಲಕಂಠ ಬಾಗಿಲಿನ ಹಿಡಿಕೆ ಎತ್ತಿದ್ದ. ಒಳಗೆ ಉಳಿದಿದ್ದ ಗಾಳಿ ಬಾಗಿಲನ್ನು ಹೊರಕ್ಕೆ ಸಿಡಿಸಿ ತೆರೆದು ಅವನನ್ನು ಕೆಳಗಿನ ಕಾಂಕ್ರೀಟಿನ ಮೇಲೆ ಎಸೆದಿತ್ತು. ವಿಮಾನದ ಒಳಗೋಡೆಯ ಹೊದಿಕೆಯ ತುಂಡೊಂದು ವಾಲ್ವಿಗೆ ಅಡ್ಡಬಿದ್ದಿದ್ದನ್ನು ಕಂಡ ಪೊಲೀಸರು, ಅದನ್ನು ನೋಡದೇ ಹೋದದ್ದು ಹುಡುಗಿಯ ತಪ್ಪೆಂದು ಕೇಸು ಹಾಕಿ, ವಿಮಾನಕ್ಕೆ ಬೀಗ ಜಡಿದಿದ್ದರು.

"ಬಾಗಿಲ ತೆಗಿಯೂಕಿಂತ ಮೊದ್ಲ ನಿನ್ನ ಕಟ್ಟಿದ ಕಿವಿ ಬಿಟ್ಟಿದ್ವೇನು?" ಮಂಜುಷಾ ಕೇಳಿದಳು.

"ಇಲ್ರೀ. ಕಟ್ಟಿಕೊಂಡೇ ಇದ್ವು. ಬಾಗಿಲ ಸಿಡಿದಾಗ ಬಿಟ್ವು."

ಪಂಚಶೀಲಾ ಎದ್ದರು. "ಹಂಗಾರ ಮುಳ್ಳು ಸುಳ್ಳು ಹೇಳ್ಯಾದ. ನಡೀರಿ."

ಶಾಲೆಯಲ್ಲಿ ಮೊದಲು ಸಿಕ್ಕವನು ಏಣಿ ನೋಡಿಕೊಳ್ಳುವ ಅಣವೀರಪ್ಪ. "ಬಾಗಿಲ ಮುಂದಿನ ಏಣಿ ಮ್ಯಾಲೇ ನಿಂತಿದ್ದೆ ರೀ. ಪ್ರಿನ್ಸಿಪಾಲ್ ಅಮರನಾಥ ಸಾಹೇಬ್ರು ಚಾ ತಾ ಅಂತ ಕೆಳಗ ಕರದ್ರು. ಅವ್ರಿಂದ ಜೀವ ಉಳೀತು," ಎಂದ. ಪಂಚಶೀಲಾ ಇನ್ಸ್‌ಪೆಕ್ಟರರಿಂದ ವಿಮಾನದ ಬೀಗ ತೆಗೆಸಿ, ಮುಳ್ಳಿನ ಫಲಕದ ಹಿಂದೆ ಬಹಳ ಹೊತ್ತು ಟಾರ್ಚ್ ಬಿಟ್ಟು ನೋಡಿದರು.

ಆಮೇಲೆ ಇನ್ಸ್‌ಪೆಕ್ಟರ್, ಪ್ರಿನ್ಸಿಪಾಲ್ ಅಮರನಾಥ, ಅಣವೀರಪ್ಪ ಸೇರಿ ಎಲ್ಲರನ್ನೂ ವಿಮಾನದೊಳಗೆ ಕರೆದರು. ಬಾಗಿಲು ಮುಚ್ಚಿತು. ಇನ್ಸ್‌ಪೆಕ್ಟರರ ಸನ್ನೆಗೆ ಹೊರಗಿನ ಯಂತ್ರ ಗಾಳಿ ತುಂಬತೊಡಗಿತು. ಮಂಜುಷಾಳ ಕಿವಿ ಕಟ್ಟಿದವು; ಉಗುಳು ನುಂಗಿದರೆ ಬಿಟ್ಟು ಮತ್ತೆ ಕಟ್ಟಿದವು. ಗೇಣಗಲದ ಕಿಟಕಿಯಾಚೆ ಬಿಸಿಲಿನ ತೊಗರಿ ಹೊಲ ಕಾಣುತ್ತಿತ್ತು. ಅಲ್ಲಿಗೆ ಹೋಗುವ ದಾರಿಯೇ ಇಲ್ಲವೆನ್ನಿಸಿತು ಅವಳಿಗೆ. ಮುಳ್ಳು ಮಾತ್ರ ಸೊನ್ನೆಯಿಂದ ಕದಲಲಿಲ್ಲ.

"ಯಂತ್ರ ನಿಂತದ, ಮುಳ್ಳು ಸೊನ್ನೆಗದ, ಅಂದ್ರ ಒಳಗ ಒತ್ತಡ ಇಲ್ಲ. ಆಸ್ಫಿಯಾ, ಬಾಗಿಲ ತೆಗಿ," ಎಂದರು ಪಂಚಶೀಲಾ.

ಪಂಚಶೀಲಾರನ್ನು ನಂಬಿ ಅವಳು ಹಿಡಿಕೆಗೆ ಕೈ ಚಾಚುವಷ್ಟರಲ್ಲಿ ಅಮರನಾಥ ಧಾವಿಸಿ ಅವಳ ತೋಳು ಹಿಡಿದೆಳೆದ. "ಮುಟ್ಟಬ್ಯಾಡ. ಸಾಯ್ತಿ."

"ಹೆದರಬ್ಯಾಡ್ರಿ, ಹಿಡಿಕಿ ಏಳಲಾರದಂಗ ಮೊದ್ಲೇ ಕೀಲು ಹಾಕೇನಿ," ಎಂದರು ಪಂಚಶೀಲಾ. "ಮುಳ್ಳು ಸುಳ್ಳು ಅಂತ ನಿಮಗ ಹೆಂಗ ಗೊತ್ತು? ನಾನು ಈ ಶಾಲ್ಯಾಗ ಯಾರಿಗೂ ಹೇಳಿಲ್ಲ."

ಅಮರನಾಥ ಆಸ್ಫಿಯಾಳ ತೋಳು ಬಿಟ್ಟ. ಪಂಚಶೀಲಾ ಮುಳ್ಳಿನ ಫಲಕದತ್ತ ಬೆರಳು ತೋರಿಸಿದರು.

"ಈ ಮುಳ್ಳು ಒಳಗಿನ ಗಾಳಿಗೂ ಹೊರಗಿನ ಗಾಳಿಗೂ ಇರೋ ಫರಕು ತೋರಸ್ತದ. ಹೊರಗಿನ ಗಾಳಿ ತರೋ ಕೊಳವಿ ನಟ್ಟು ಫಲಕದ ಹಿಂದ ಸಡಲಾಗ್ಯಾದ. ಎರಡೂ ಕಡಿಯಿಂದ ಒಳಗಿನ ಗಾಳಿನೇ ಬಂದ್ರ ಫರಕು ಎಲ್ಲಿಂದ ಬರಬೇಕು? ಬಾಗಿಲ ತೆರೆದ ಮ್ಯಾಲ ಸೊನ್ನೆ ಇರೋದೇ ಸರಿ, ಅದಕ್ಕ ಪೊಲೀಸರಿಗೆ ಅನುಮಾನ ಬರ್ಲಿಲ್ಲ. ಹೊದಿಕಿ ತುಂಡು ತಾನಾಗೇ ಬೀಳಬಹುದು. ಅದೇ ದಿನ ನಟ್ಟೂ ಸಡಲಾತು ಅಂದ್ರ ಅದು ಯಾರದೋ ಕೈ. ಯಾರದು? ಬಾಗಿಲ ಸಿಡಿತದ ಅಂತ ಗೊತ್ತಿದ್ದವರದು. ಏಣಿ ಮ್ಯಾಲಿದ್ದವನನ್ನ ಅದೇ ಹೊತ್ತಿಗೆ ಕೆಳಗ ಕರದವರದು."

ಅಣವೀರಪ್ಪ ಅಮರನಾಥನ ಮುಖವನ್ನೇ ನೋಡುತ್ತ ನಿಂತ.

"ವಿಮಾನ ಮುಟ್ಟದ ಹುಡುಗರಿಗೂ ಸರ್ಟಿಫಿಕೇಟ್ ಕೊಟ್ಟಿದ್ದೆ," ಎಂದ ಅಮರನಾಥ. "ಅದನ್ನ ಮ್ಯಾಲಿನವರಿಗೆ ಹೇಳ್ತೀನಿ ಅಂದ ನೀಲಕಂಠ. ಕೈಕಾಲು ಮುರಿದು ಮಲಗ್ತಾನ, ಅಷ್ಟೇ ಅಂದ್ಕೊಂಡಿದ್ದೆ."

ಆ ಮನುಷ್ಯನ ಜೊತೆ ಒಂದು ಗಳಿಗೆಯೂ ಇರಲಾರೆನೆನಿಸಿತು ಮಂಜುಷಾಳಿಗೆ. ಆದರೆ ಗಾಳಿ ಇಳಿಯುವ ತನಕ ಯಾರೂ ಎಲ್ಲಿಗೂ ಹೋಗುವಂತಿರಲಿಲ್ಲ. ಆಸ್ಫಿಯಾ ವಾಲ್ವ್ ತೆರೆದಳು. ಸುಂಯ್ ಸದ್ದು ಮುಗಿಯುವವರೆಗೂ ಆರೋಪಿ, ಸಾಕ್ಷಿ, ಕೊಲೆಗಾರ ಒಂದೇ ಗಾಳಿ ಉಸಿರಾಡುತ್ತ ಕುಳಿತರು.

ಪೊಲೀಸ್ ಜೀಪು ಹೊರಟಿತು. ಕಲಬುರಗಿಗೆ ಹೋಗೋಣವೆಂದು ಮಂಜುಷಾ ಕಾರಿನ ಬಾಗಿಲು ತೆರೆದಳು. ಆಸ್ಫಿಯಾ ಹತ್ತಲಿಲ್ಲ.

"ನೀಲಕಂಠ ಸರ್ ಮನಿ ಇಲ್ಲೇ ಕಮಲಾಪುರದಾಗ ಅದ ರೀ. ಅವರನ್ನ ಮಣ್ಣು ಮಾಡೂ ಮುಂದನೂ ನನ್ನ ಸೇರಿಸಿರ್ಲಿಲ್ಲ. ಈಗ ಹೋಗ್ತೀನಿ," ಎಂದು ಅವಳು ಊರಿನ ಕಡೆ ನಡೆದಳು.