ನಲವತ್ತೊಂದನೇ ನಂಬರಿನ ಎರಡು ಲಾರಿ

ಶಹಾಬಾದಿನ ಲಾರಿ ತೂಗುವ ಕಾಂಟಾದ ಮುಂದೆ ಅವತ್ತು ಎರಡು ಲಾರಿ ಮೂತಿಗೆ ಮೂತಿ ಹಚ್ಚಿ ನಿಂತಿದ್ದವು. ಎರಡರಲ್ಲೂ ಫರಶಿ ಕಲ್ಲು. ಇಬ್ಬರು ಡ್ರೈವರ್‌ಗಳ ಕೈಯಲ್ಲೂ ಚೀಟಿ, ಎರಡು ಚೀಟಿಯ ಮೇಲೂ ನಂಬರು ನಲವತ್ತೊಂದು.

"ನಲವತ್ತೊಂದು ನಂದು," ಎಂದ ಒಂದು ಲಾರಿಯ ಡ್ರೈವರ್ ಸರ್ದಾರ.

"ನನಗೂ ಕಂಪ್ಯೂಟರೇ ಕೊಟ್ಟದ. ನಾ ಏನು ಮನ್ಯಾಗ ಬರಕೊಂಡು ಬಂದೀನೇನು?" ಎಂದ ಇನ್ನೊಂದು ಲಾರಿಯ ಗೊಲ್ಲಾಳಪ್ಪ.

ಈ ಜಗಳದ ನಡುವೆಯೇ ಪ್ರಮಿತಾ ಆಟೋ ಇಳಿದಳು. ವಾಡಿ ಸ್ಟೇಷನ್ನಿನ ಅಸಿಸ್ಟೆಂಟ್ ಸ್ಟೇಷನ್ ಮಾಸ್ಟರ್ ರಘೂತ್ತಮ ಅವರ ಮಗಳು, ಕಂಪ್ಯೂಟರ್ ಸೆಂಟರಿನಲ್ಲಿ ಪ್ರೋಗ್ರಾಮಿಂಗ್ ಕಲಿಸುವ ಮೇಡಂ. 2003ರಲ್ಲಿ ಆ ಕಡೆ ಯಾವ ಪ್ರೋಗ್ರಾಮ್ ಕೆಟ್ಟರೂ ಅವಳಿಗೇ ಫೋನು. ಹತ್ತು ನಿಮಿಷ ಸ್ಕ್ರೀನ್ ನೋಡಿದಳು, ಹಣೆ ಚಚ್ಚಿಕೊಂಡಳು.

"ಈ ಕೋಡ್ ಯಾವ ಶಾಣ್ಯಾ ಬರದಾನ್ರಿ?"

"ಅವ ನಿಮ್ಮ ಚಾ ಹಿಡಕೊಂಡು ಹಿಂದ ನಿಂತಾನ್ರಿ ಮೇಡಂ," ಎಂದಿತು ಒಂದು ದನಿ.

ತಿರುಗಿದರೆ, ಕಾಂಟಾ ಮಾಲಕ ಬಸವಂತರಾಯರ ಮಗ ಸಂಗಮೇಶ. ಕೂದಲ ಮೇಲೆ ಕಲ್ಲಿನ ಪುಡಿ, ಕೈಯಲ್ಲಿ ಚಹಾದ ಕಪ್ಪು, ತುಟಿಯ ಮೂಲೆಯಲ್ಲಿ ನಗು. ಪ್ರಮಿತಾಳ ಕಿವಿ ಕೆಂಪಾಯಿತು. ಆದರೆ ಕ್ಷಮೆ ಕೇಳುವ ಜಾತಿಯವಳಲ್ಲ ಅವಳು.

"ಒಳಗಿನ ಗೇಟಿಗೊಂದು ಥ್ರೆಡ್, ಹೊರಗಿನ ಗೇಟಿಗೊಂದು ಥ್ರೆಡ್ ಇಟ್ಟೀರಿ, ಅಂದ್ರ ಒಂದೇ ಪ್ರೋಗ್ರಾಮಿನಾಗ ಕೂಡೇ ಓಡೋ ಎರಡು ಕೆಲಸ. ಎರಡೂ ಒಂದೇ ಸಲ ಬಂದು ಮುಂದಿನ ನಂಬರ್ ಯಾವುದಂತ ನೋಡ್ತಾವ. ಎರಡಕ್ಕೂ ನಲವತ್ತೊಂದು ಕಾಣಸ್ತದ. ಒಂದು ಅದನ್ನ ನಲವತ್ತೆರಡು ಮಾಡೂದ್ರಾಗ ಇನ್ನೊಂದು ತೊಗೊಂಡು ಹೋಗಿರ್ತದ."

"ಅದಕ್ಕ ಮದ್ದು?"

"ಸೆಮಾಫೋರ್. ನಮ್ಮಪ್ಪ ಸಣ್ಣ ಸ್ಟೇಷನ್ನಿನಾಗ ಇದ್ದಾಗ ಒಂಟಿ ಲೈನಿಗೆ ಒಂದು ಟೋಕನ್ ಇರ್ತಿತ್ತು. ಅದು ಕೈಯಾಗಿದ್ದ ಡ್ರೈವರ್ ಅಷ್ಟೇ ಗಾಡಿ ಒಯ್ಯಬೇಕು, ದಾಟಿದ ಮ್ಯಾಲೆ ವಾಪಸ್ ಕೊಡಬೇಕು. ಇಲ್ಲೂ ಹಂಗೇ. ಟೋಕನ್ ಸಿಕ್ಕ ಥ್ರೆಡ್ ನಂಬರ್ ತೊಗೊಂಡು ಟೋಕನ್ ಬಿಡ್ತದ. ಅಲ್ಲಿತನಕ ಇನ್ನೊಂದು ಕಾಯ್ತದ."

"ಎಷ್ಟೊತ್ತು ಕಾಯ್ತದ್ರಿ?"

"ಹಿಡದವರು ಬಿಡೋತನ."

ಅವನು ಸ್ಕ್ರೀನ್ ನೋಡುತ್ತಿರಲಿಲ್ಲ. ಅವಳ ಜುಮಕಿ ನೋಡುತ್ತಿದ್ದ. ಅದು ಅವಳಿಗೂ ಗೊತ್ತಿತ್ತು. ನಾಲ್ಕು ಸಾಲು ಟೈಪ್ ಮಾಡುವಲ್ಲಿ ಮೂರು ಕಡೆ ತಪ್ಪಿದಳು.

ಆಮೇಲೆ ಕಾಂಟಾದ ಕಂಪ್ಯೂಟರು ಪದೇಪದೇ ಕೆಡತೊಡಗಿತು. ಒಮ್ಮೆ ಮೌಸ್, ಒಮ್ಮೆ ಕೀಬೋರ್ಡು. "ಈ ವೈರ್ ತಾನೇ ಕಿತ್ತದೋ, ಯಾರರ ಕಿತ್ತಾರೋ?" ಎಂದು ಪ್ರಮಿತಾ ಕೇಳಿದ ದಿನ ಸಂಗಮೇಶ ನೆಲ ನೋಡುತ್ತ, "ನಿಮ್ಮನ್ನ ಕರೀಲಿಕ್ಕೆ ನನಗ ಬ್ಯಾರೆ ದಾರಿ ಗೊತ್ತಿಲ್ಲರಿ ಮೇಡಂ," ಎಂದ. ಅವಳಿಗೆ ನಗು ತಡೆಯಲಾಗಲಿಲ್ಲ. ಆ ನಗುವಿನಲ್ಲೇ ಎಲ್ಲ ಇತ್ಯರ್ಥವಾಯಿತು.

ಇತ್ಯರ್ಥವಾಗದ್ದು ಮನೆಗಳಲ್ಲಿ. ಅವಳದು ವೈಷ್ಣವರ ಮನೆ, ಅವನದು ಲಿಂಗಾಯತರ ಮನೆ. ಆದರೂ ಯಾರೂ ಕಿರುಚಾಡಲಿಲ್ಲ, ಯಾರೂ ಬೇಡವೆನ್ನಲಿಲ್ಲ. ರಘೂತ್ತಮ ಕನ್ನಡಕ ಒರೆಸುತ್ತ, "ಅವರು ಮೊದಲು ಬಂದು ಕೇಳಲಿ, ಆಮ್ಯಾಗ ನೋಡೋಣ," ಎಂದರು. ಬಸವಂತರಾಯರು ಮೀಸೆ ತೀಡುತ್ತ, "ಹೆಣ್ಣಿನ ಕಡೆಯವರು ಮೊದಲು ಬರೂದು ರಿವಾಜು. ಬರಲಿ, ನೋಡೋಣ," ಎಂದರು. ಎಂಥ ಸಭ್ಯ ಮಾತು! ಹೀಗೆ ನೋಡುತ್ತ ಹದಿನಾಲ್ಕು ತಿಂಗಳು ಹೋದವು.

ಅಷ್ಟರಲ್ಲಿ ಕಾಂಟಾಕ್ಕೆ ಹೊಸ ಪ್ರಿಂಟರ್ ಬಂತು. ಎರಡು ಗೇಟಿಗೂ ಅದೊಂದೇ. ನಂಬರಿಗೊಂದು ಸೆಮಾಫೋರ್ ಇತ್ತಲ್ಲ, ಪ್ರಿಂಟರಿಗೂ ಒಂದು ಇಟ್ಟರು. ಒಳಗೇಟಿನ ಕೋಡ್ ಪ್ರಮಿತಾ ಬರೆದಳು, ಹೊರಗೇಟಿನದು ಸಂಗಮೇಶ. ಮಾರನೆಯ ದಿನ ಹನ್ನೊಂದಕ್ಕೆ ಇಡೀ ಪ್ರೋಗ್ರಾಮ್ ಗಪ್ಪನೆ ನಿಂತಿತು. ಎರರ್ ಇಲ್ಲ, ಶಬ್ದವಿಲ್ಲ. ಲಾರಿಗಳ ಸಾಲು ರೋಡಿನ ತನಕ ಬೆಳೆಯಿತು.

ಪ್ರಮಿತಾ ಎರಡೂ ಕೋಡನ್ನು ಪಕ್ಕಪಕ್ಕ ಇಟ್ಟು ಓದಿದಳು.

"ನಾ ಮೊದಲು ನಂಬರ್ ಹಿಡದು, ಪ್ರಿಂಟರ್ ಕೇಳಾಕತ್ತೀನಿ. ನೀವು ಮೊದಲು ಪ್ರಿಂಟರ್ ಹಿಡದು, ನಂಬರ್ ಕೇಳಾಕತ್ತೀರಿ. ಇಬ್ಬರೂ ಕೈಯಾಗಿಂದು ಬಿಡವಲ್ರು. ಇದು ಹಿಂಗೇ ಬಿಟ್ರ ಕರೆಂಟ್ ಹೋಗೋತನ ಹಿಂಗೇ ನಿಂತಿರ್ತದ."

ಹೇಳುತ್ತ ಹೇಳುತ್ತಲೇ, ಹದಿನಾಲ್ಕು ತಿಂಗಳಿಂದ ತನ್ನ ಬದುಕೂ ಹೀಗೇ ಗಪ್ಪನೆ ನಿಂತಿದೆ ಎಂದು ಅವಳಿಗೆ ಹೊಳೆಯಿತು. ಸಿಟ್ಟು ಬಂತು. ಅಪ್ಪನ ಮೇಲೆ, ಬಸವಂತರಾಯರ ಮೇಲೆ, ಎಲ್ಲರಿಗಿಂತ ಹೆಚ್ಚು ತನ್ನ ಮೇಲೆಯೇ. ಕೋಡನ್ನು ಎರಡು ಗೇಟಿಗೂ ಒಂದೇ ಕ್ರಮಕ್ಕೆ ತಿದ್ದಿದಳು: ಮೊದಲು ನಂಬರು, ಆಮೇಲೆ ಪ್ರಿಂಟರು. ಲಾರಿಗಳು ಹೊರಟವು. ಅವಳು ಮಾತ್ರ ಏಳಲಿಲ್ಲ.

"ನಾನು ಸೋಮವಾರ ಚಿತ್ತಾಪುರದ ಸಬ್ ರಿಜಿಸ್ಟ್ರಾರ್ ಆಫೀಸಿಗೆ ಹೋಗ್ತೀನಿ," ಎಂದಳು. "ಮದುವೆ ನೋಟಿಸ್ ಕೊಡಲಿಕ್ಕೆ."

ಸಂಗಮೇಶನ ಮುಖ ಇಳಿಯಿತು. "ಇನ್ನೊಂದು ನಾಲ್ಕು ತಿಂಗಳು ನೋಡೋಣ್ರಿ. ಅಪ್ಪ ಮೆತ್ತಗಾಗ್ತಾನ."

"ನೀವು ನೋಡ್ಕೋತ ಕುಂದ್ರಿ. ನಾ ಹನ್ನೊಂದಕ್ಕ ಅಲ್ಲಿರ್ತೀನಿ. ಹನ್ನೆರಡರ ತನಕ ಕಾಯ್ತೀನಿ. ಆಮ್ಯಾಗ ನಾ ನಿಮ್ಮನ್ನ ಬಿಟ್ಟೆ ಅಂತ ತಿಳ್ಕೊರಿ."

ಮನೆಯಲ್ಲೂ ಮುಚ್ಚಿಡಲಿಲ್ಲ. ರಘೂತ್ತಮ ಪೇಪರ್ ಕೆಳಗಿಟ್ಟರು. "ಟೋಕನ್ ಇಲ್ಲದ ಗಾಡಿ ಬಿಡಬಾರದು, ಪ್ರಮಿ."

"ಖರೇ ಅದ ಅಪ್ಪಾ. ಆದ್ರ ಟೋಕನ್ ಹಿಡಕೊಂಡು ಹದಿನಾಲ್ಕು ತಿಂಗಳು ಕುಂತವರಿಗೆ ರೈಲ್ವೆದೊಳಗ ಏನು ಮಾಡ್ತಾರ?"

ಅವರು ಮತ್ತೆ ಪೇಪರ್ ಎತ್ತಿಕೊಂಡರು. ಅದು ತಲೆಕೆಳಗಾಗಿತ್ತು.

"ಕದ್ದು ಹೋಗೂದಿಲ್ಲ ಅಪ್ಪಾ. ನಿಮಗ ಹೇಳೇ ಹೋಗಾಕತ್ತೀನಿ," ಎಂದು ಅವಳು ಒಳಗೆ ನಡೆದಳು.

ಸೋಮವಾರ ಚಿತ್ತಾಪುರದಲ್ಲಿ ಬಿಸಿಲು ಸುಡುತ್ತಿತ್ತು. ಹನ್ನೊಂದೂವರೆಯಾಯಿತು. ಹನ್ನೆರಡಕ್ಕೆ ಹತ್ತು ನಿಮಿಷವಾಯಿತು. ಪ್ರಮಿತಾಳ ಅಳು ಕಣ್ಣಂಚಿನಲ್ಲೇ ಇತ್ತು. ಅವನು ಬರದಿದ್ದರೆ ವಾಡಿಗೆ ತಲೆ ಎತ್ತಿಕೊಂಡೇ ವಾಪಸ್ ಹೋಗಬೇಕು ಎಂದು ಗಟ್ಟಿ ಮಾಡಿಕೊಂಡಳು. ಆಗ ಧೂಳೆಬ್ಬಿಸುತ್ತ ಸರ್ದಾರನ ಲಾರಿ ಬಂದು ನಿಂತಿತು. ಅವನ ಪಕ್ಕದಲ್ಲಿ ಗೊಲ್ಲಾಳಪ್ಪ. ಇಬ್ಬರ ನಡುವಿನಿಂದ ಸಂಗಮೇಶ ಧುಮುಕಿದ.

"ಮನ್ಯಾಗ ಹೇಳಿ ಬಂದೆ," ಎಂದ ಏದುತ್ತ.

"ನಿಮ್ಮಪ್ಪ ಏನಂದ್ರು?"

"ಹೋಗೂದಾದ್ರ ಕಾಂಟಾದ ಕೀಲಿ ಇಟ್ಟು ಹೋಗು ಅಂದ್ರು. ಮೇಜಿನ ಮ್ಯಾಲಿಟ್ಟು ಬಂದೆ."

ಅವಳಿಗೆ ಅಲ್ಲಿಯೇ, ಎಲ್ಲರೆದುರೇ, ಅವನನ್ನು ಅಪ್ಪಿಕೊಳ್ಳಬೇಕೆನಿಸಿತು. ಬದಲಿಗೆ ಅವನ ಕೂದಲ ಮೇಲಿನ ಕಲ್ಲಿನ ಪುಡಿ ಕೊಡವಿದಳು.

ಒಳಗೆ ಕ್ಲರ್ಕ್ ಕನ್ನಡಕದ ಮೇಲಿಂದ ನೋಡಿದ. "ನೋಟಿಸ್ ಮೂವತ್ತು ದಿನ ಬೋರ್ಡಿನ ಮ್ಯಾಲಿರ್ತದ. ತಕರಾರಿದ್ದವರು ಬರಬಹುದು. ಇನ್ನೊಮ್ಮೆ ವಿಚಾರ ಮಾಡ್ರಿ."

"ವಿಚಾರ ಮುಗಿದದ್ರಿ. ಮೂಲ್ಯಾಗ ಹಚ್ಚಬ್ಯಾಡ್ರಿ, ನಡುವ ಹಚ್ಚರಿ. ವಾಡಿಯವರಿಗೂ ಕಾಣಬೇಕು, ಶಹಾಬಾದಿನವರಿಗೂ ಕಾಣಬೇಕು."

ಮೇಜಿನ ಮೇಲೆ ಒಂದೇ ಪೆನ್ನಿತ್ತು. ಪ್ರಮಿತಾ ಎತ್ತಿಕೊಂಡು ಸೈನ್ ಮಾಡಿ, ಅವನ ಕೈಗೆ ಕೊಟ್ಟಳು. ಅವನೂ ಸೈನ್ ಮಾಡಿ ಕೆಳಗಿಟ್ಟ.

ಹೊರಗೆ ಬಂದಾಗ ಅವನು ಮೊದಲ ಸಲ ಮೇಡಂ ಎನ್ನದೆ ಹೆಸರು ಹಿಡಿದು ಕರೆದ. "ಪ್ರಮಿತಾ, ಇನ್ನೂ ಮೂವತ್ತು ದಿನ ಕಾಯಬೇಕಲ್ಲ."

"ಕಾಯೋಣ," ಎಂದು ಅವಳು ಹಾಡುಹಗಲಲ್ಲಿ, ತುಂಬಿದ ಆಫೀಸಿನ ಅಂಗಳದಲ್ಲಿ ಅವನ ಕೈ ಹಿಡಿದಳು. "ಇದು ಮುಗಿಯೋ ದಿನ ಗೊತ್ತದ."