ಲೈನ್ ಮೇಲೆ ಮಾತಿಲ್ಲ

ಪ್ರಾಣಿ ಎಣಿಕೆಯ ಡ್ಯೂಟಿ ಪಟ್ಟಿಯಲ್ಲಿ ತನ್ನ ಹೆಸರಿನ ಪಕ್ಕ ಧರ್ಮೇಂದ್ರನ ಹೆಸರು ಕಂಡಾಗ ಹರ್ಷಿತಾ ಅದನ್ನು ಎರಡು ಸಲ ಓದಿದಳು.

"ಸರ್, ಬೇರೆ ವಾಚರ್ ಯಾರೂ ಇಲ್ವಾ?"

"ಆ ಲೈನು ಅವನಷ್ಟು ಗೊತ್ತಿರೋರು ಯಾರಮ್ಮ?" ರೇಂಜರ್ ತಲೆ ಎತ್ತಲಿಲ್ಲ. "ಮೂರು ದಿನ ಬೆಳಿಗ್ಗೆ ತಾನೇ, ಅಡ್ಜಸ್ಟ್ ಮಾಡ್ಕೊ. ಸೋಮವಾರ ಹೇಗೂ ನೀನು ಭಾಗಮಂಡಲಕ್ಕೆ ಹೋಗ್ತೀಯಲ್ಲ."

ಆಫೀಸ್ ಕಿಟಕಿಯ ಹೊರಗೆ ಜೀಪಿನ ಪಕ್ಕ ಬಗ್ಗಿ ಶೂ ಲೇಸ್ ಕಟ್ಟುತ್ತಿದ್ದ ಧರ್ಮೇಂದ್ರನ ಕೈ ಅಲ್ಲೇ ನಿಂತಿತು. ಟ್ರಾನ್ಸ್‌ಫರ್ ವಿಷಯ ಅವನಿಗೆ ಗೊತ್ತಾಗಿದ್ದು ಹೀಗೆ. ಅವನು ತಲೆ ಎತ್ತಿ ನೋಡಿದ. ಅವಳು ಆ ನೋಟವನ್ನು ದಾಟಿ ಹೋಗಿ ಜೀಪಿನ ಮುಂದಿನ ಸೀಟಿನಲ್ಲಿ ಕೂತಳು.

ಹರ್ಷಿತಾ ತಿತಿಮತಿಗೆ ಫಾರೆಸ್ಟ್ ಗಾರ್ಡ್ ಆಗಿ ಬಂದು ಎರಡು ವರ್ಷ. ಧರ್ಮೇಂದ್ರ ಅಲ್ಲೇ ಕಾಡಿನಂಚಿನ ಆದಿವಾಸಿ ಹಾಡಿಯ ಹುಡುಗ, ದಿನಗೂಲಿ ವಾಚರ್. ಗಸ್ತಿನ ಬೀಟಿನಲ್ಲಿ ಜೊತೆಗೆ ನಡೆದೂ ನಡೆದೂ ಒಬ್ಬರ ಹೆಜ್ಜೆ ಸದ್ದು ಇನ್ನೊಬ್ಬರಿಗೆ ಪರಿಚಯವಾಗಿತ್ತು. ಮೂರು ಭಾನುವಾರದ ಹಿಂದೆ ಅವನು ಹೆಬ್ಬಾಲೆಗೆ, ಅವಳ ಮನೆಗೆ ಮದುವೆ ಮಾತಿಗೆ ಬರುವುದೆಂದು ನಿಶ್ಚಯವಾಗಿತ್ತು. ಅಮ್ಮ ನಿಂಗಮ್ಮ ಒತ್ತು ಶಾವಿಗೆ ಮಾಡಿದ್ದಳು. ಅಪ್ಪ ಜವರಯ್ಯ ಶುಂಠಿ ಹೊಲದ ಕೆಲಸ ಬಿಟ್ಟು ಬಿಳಿ ಶರ್ಟ್ ಹಾಕಿ ಕೂತಿದ್ದ. ಸಂಜೆಯಾದರೂ ಅವನು ಬರಲಿಲ್ಲ. ಫೋನ್ ತೆಗೆಯಲಿಲ್ಲ. ಆಮೇಲೆ ಕಾರಣವನ್ನೂ ಹೇಳಲಿಲ್ಲ. ಎರಡು ದಿನ ಕಾದು ಅವಳು ಟ್ರಾನ್ಸ್‌ಫರ್‌ಗೆ ಅರ್ಜಿ ಬರೆದಳು.

ಪ್ರಾಣಿ ಎಣಿಕೆಗೆ ಕಾಡಿನೊಳಗೆ ಎರಡು ಕಿಲೋಮೀಟರ್ ಉದ್ದದ ನೇರ ದಾರಿ ಕಡಿದಿರುತ್ತಾರೆ. ಅದೇ ಲೈನ್. ಬೆಳಗಿನ ಆರೂವರೆಗೆ ಇಬ್ಬರು ಅದರ ಮೇಲೆ ನಿಧಾನ ನಡೆಯಬೇಕು. ಕಂಡ ಜಿಂಕೆ, ಕಾಡುಕೋಣ, ಆನೆಗಳನ್ನು ಬರೆದುಕೊಳ್ಳಬೇಕು. ಲೈನ್ ಮೇಲೆ ಒಂದು ಮಾತೂ ಆಡುವಂತಿಲ್ಲ. ಮುಗಿಸಿ ಜೀಪು ರಸ್ತೆಯಲ್ಲಿ ವಾಪಸ್ ನಡೆದು ಬರುವಾಗ ಮಾತಾಡಬಹುದು.

ಮೊದಲ ದಿನ, ಗುರುವಾರ, ಅವನು ಮುಂದೆ, ಅವಳು ಹತ್ತು ಹೆಜ್ಜೆ ಹಿಂದೆ. ಅವನ ಕತ್ತಿನ ಹಿಂಭಾಗವನ್ನೇ ನೋಡುತ್ತಾ ಅವಳು ಮೂರು ವಾರದಿಂದ ಕೂಡಿಟ್ಟ ಬೈಗುಳವನ್ನೆಲ್ಲ ಮನಸ್ಸಿನಲ್ಲೇ ಬೈದು ಮುಗಿಸಿದಳು. ಎರಡು ಜಿಂಕೆ ಹಿಂಡು ಅವಳ ಕಣ್ಣಿಗೇ ಬೀಳಲಿಲ್ಲ. ಅವನು ನಿಂತು ಬೆರಳು ತೋರಿಸಿದ ಮೇಲೆ ಕಂಡವು.

ವಾಪಸ್ ದಾರಿಯಲ್ಲಿ ಅವನು, "ಹರ್ಷಿ..." ಅಂದ.

"ಡ್ಯೂಟಿ ವಿಷಯ ಇದ್ರೆ ಹೇಳು."

ಅವನು ಹೆಜ್ಜೆ ಬೀಸಿ ಮುಂದೆ ನಡೆದ.

ಶುಕ್ರವಾರ ಬೇರೆ ಥರ ಇತ್ತು. ಮೂರು ವಾರದಿಂದ ಸರಿಯಾಗಿ ಉಂಡಿರದ, ಮಲಗಿರದ ಹುಡುಗಿ ಅವಳು. ಕ್ವಾರ್ಟರ್ಸ್‌ನಲ್ಲಿ ಕೂತರೆ ಸಿಟ್ಟು ಸುತ್ತಿ ಸುತ್ತಿ ಅಲ್ಲೇ ಬರುತ್ತಿತ್ತು. ಇಲ್ಲಿ ಒಣ ಎಲೆ ಸದ್ದಾಗದಂತೆ ಹಿಮ್ಮಡಿ ಊರಬೇಕು, ಕೊಂಬೆ ಸರಿಸಬೇಕು, ಗಾಳಿ ಎತ್ತಲಿಂದ ಬರುತ್ತಿದೆ ನೋಡಬೇಕು. ಅರ್ಧ ದಾರಿಗೆ ಬರುವಾಗ ತನ್ನ ಉಸಿರು ತಾನಾಗಿ ಹದಕ್ಕೆ ಬಂದಿರುವುದು ಅವಳ ಗಮನಕ್ಕೆ ಬಂತು. ಸಿಟ್ಟು ಹೋಗಿರಲಿಲ್ಲ. ಆದರೆ ಅದರ ಅಡಿಯಲ್ಲಿ ಇದ್ದ ಪ್ರಶ್ನೆ ಮೇಲೆ ಬಂದಿತ್ತು. ಜೀಪು ರಸ್ತೆಗೆ ಬಂದ ಕೂಡಲೇ ಅದನ್ನೇ ಕೇಳಿದಳು.

"ಯಾಕ್ ಬರ್ಲಿಲ್ಲ?"

"ಬಂದಿದ್ದೆ."

ಅವಳು ನಿಂತುಬಿಟ್ಟಳು.

"ನಿಮ್ಮ ಮನೆ ಎದ್ರು ತನಕ ಬಂದಿದ್ದೆ. ನಿಮ್ಮಪ್ಪ ಅಂಗಳದಲ್ಲಿ ಕುರ್ಚಿ ಒರೆಸ್ತಾ ಇದ್ರು, ಬಿಳಿ ಶರ್ಟ್ ಹಾಕ್ಕೊಂಡು. ನೋಡ್ತಾ ನಿಂತೆ. ನಾನು ಹಾಡಿಯವ, ಪರ್ಮನೆಂಟ್ ಕೆಲ್ಸ ಇಲ್ಲ. ಒಳಗೆ ಹೋಗಿ ಕೂತ್ಮೇಲೆ ಅವರ ಮುಖ ಎಂತ ಆಗ್ತದೋ ಅಂತ ಹೆದರಿಕೆ ಆಯ್ತು. ತಿರುಗಿ ನಡೆದ್ಬಿಟ್ಟೆ."

"ಬಸ್ ಕೆಟ್ಟು ನಿಂತಿತ್ತು ಅಂತಾದ್ರೂ ಹೇಳಬಹುದಿತ್ತಲ್ಲ!"

"ಸುಳ್ಳಾಗ್ತಿತ್ತು."

"ಅಪ್ಪನ ಮುಖ ನಿಂಗೆ ಮುಖ್ಯ. ಅವತ್ತು ನನ್ನ ಮುಖ ಹೆಂಗಿತ್ತು ಅಂತ ಯೋಚನೆ ಮಾಡಿದ್ಯಾ?"

ಅವಳ ಕಣ್ಣಲ್ಲಿ ನೀರು ತುಂಬಿತು. ಅದು ಕಾಣದಿರಲೆಂದು ಬೇಗ ಬೇಗ ಮುಂದೆ ನಡೆದಳು. ಅವನು ಹಿಂದೆಯೇ ಬಂದ, ಹತ್ತಿರ ಬರುವ ಧೈರ್ಯವಿಲ್ಲದೆ.

ಶನಿವಾರ ಮಂಜು ದಟ್ಟವಾಗಿತ್ತು, ಅವಳು ಅವನ ಬೆನ್ನಿಗೇ ನಡೆಯುತ್ತಿದ್ದಳು. ಲೈನಿನ ಒಂದೂಕಾಲು ಕಿಲೋಮೀಟರ್ ದಾಟಿದ ಮೇಲೆ ಧರ್ಮೇಂದ್ರ ತಟ್ಟನೆ ಕೈ ಎತ್ತಿದ. ಬಿದಿರ ಮೆಳೆಯ ಪಕ್ಕ ಬಂಡೆ ಅಂದುಕೊಂಡಿದ್ದು ಕಿವಿ ಬೀಸಿತು. ಹೆಣ್ಣಾನೆ. ಅದರ ಕಾಲ ನಡುವೆ ಮರಿ. ಮೂವತ್ತು ಮೀಟರ್ ಕೂಡ ಇಲ್ಲ.

ಆನೆಯ ಸೊಂಡಿಲು ಇವರ ಕಡೆ ಏರಿತು. ಕಿವಿ ಅಗಲವಾಗಿ ನಿಂತಿತು. ಹರ್ಷಿತಾಳ ಮೊಣಕಾಲು ಓಡು ಓಡು ಎನ್ನುತ್ತಿತ್ತು. ಅಷ್ಟರಲ್ಲಿ ಅವನ ಕೈ ಹಿಂದಕ್ಕೆ ಬಂದು ಅವಳ ಮಣಿಕಟ್ಟನ್ನು ಹಿಡಿಯಿತು. ಬೆರಳಿನಿಂದ ಒಂದು ಸಲ ಒತ್ತಿದ. ಒಂದು ಹೆಜ್ಜೆ ಹಿಂದೆ. ನಿಲ್ಲು. ಮತ್ತೆ ಒತ್ತಿದ. ಇನ್ನೊಂದು ಹೆಜ್ಜೆ.

ಆನೆ ನಾಲ್ಕು ಹೆಜ್ಜೆ ನುಗ್ಗಿತು. ನೆಲ ನಡುಗಿದ್ದು ಪಾದಕ್ಕೆ ತಿಳಿಯಿತು. ಅವನ ಬೆರಳುಗಳು ಒತ್ತಲಿಲ್ಲ, ಅಂದರೆ ನಿಲ್ಲಬೇಕು. ಅವಳು ನಿಂತಳು. ಅವನ ಬೆರಳ ಕೆಳಗೆ ತನ್ನ ನಾಡಿ ಹೊಡೆದುಕೊಳ್ಳುವುದು ಅವಳಿಗೇ ಕೇಳುವಂತಿತ್ತು. ಎಷ್ಟು ಹೊತ್ತೋ. ಮರಿ ಏನೋ ಸದ್ದು ಮಾಡಿತು. ತಾಯಿ ತಿರುಗಿತು. ಬಿದಿರು ಮುರಿಯುವ ಸದ್ದು ದೂರ ದೂರ ಹೋಯಿತು.

ಅವನು ಕೈ ಬಿಡಲಿಲ್ಲ. ಅವಳೂ ಎಳೆದುಕೊಳ್ಳಲಿಲ್ಲ. ವಾಪಸ್ ಹೋಗೋಣವೇ ಎಂದು ಕಣ್ಣಲ್ಲೇ ಕೇಳಿದ. ಅವಳು ಇಲ್ಲ ಎಂದು ತಲೆಯಾಡಿಸಿ ಮುಂದೆ ತೋರಿಸಿದಳು. ಉಳಿದ ದೂರವನ್ನು ಹಾಗೆಯೇ, ಮಾತಿಲ್ಲದೆ ನಡೆದರು. ಮೊದಲು ಕಾಲು ತಡವರಿಸುತ್ತಿತ್ತು. ನೂರು ಹೆಜ್ಜೆಗೆ ಸರಿಹೋಯಿತು. ಇನ್ನೂರಕ್ಕೆ ಹಕ್ಕಿಗಳ ಸದ್ದು ಮತ್ತೆ ಕಿವಿಗೆ ಬಿತ್ತು. ಲೈನಿನ ಕೊನೆಯ ಕಲ್ಲು ಮುಟ್ಟುವ ಹೊತ್ತಿಗೆ ಅವಳಿಗೆ ಒಂದು ವಿಷಯ ಸ್ಪಷ್ಟವಾಗಿತ್ತು. ಈ ಮನುಷ್ಯನನ್ನು ಬಿಟ್ಟು ಹೋದರೆ ಭಾಗಮಂಡಲದಲ್ಲೂ ಇದೇ ಸಿಟ್ಟನ್ನು ಹೊತ್ತುಕೊಂಡಿರುತ್ತಾಳೆ. ಹೋಗದೆ ಉಳಿದರೂ ಅಷ್ಟೇ, ಅವನು ಅಪ್ಪನೆದುರು ಬಂದು ಮಾತಾಡುವ ತನಕ.

ಫಾರಂನಲ್ಲಿ 'ಆನೆ: 2' ಎಂದು ಬರೆದಳು. ಅಕ್ಷರ ನೆಟ್ಟಗಿತ್ತು.

"ಹೋಗ್ಬೇಡ ಅನ್ಲಿಕ್ಕೆ ನಂಗೆ ಹಕ್ಕಿಲ್ಲ," ಅಂದ ಅವನು. "ಆದ್ರೆ ನಾಳೆ ಭಾನುವಾರ ನಾನು ಖಂಡಿತ..."

"ನಾಳೆ ಅಲ್ಲ. ಇವತ್ತು."

"ಇವತ್ತಾ? ಬಟ್ಟೆ ಎಲ್ಲ ಮಣ್ಣು. ಮನೆಗೆ ಹೋಗಿ..."

"ಮನೆಗೆ ಹೋದ್ರೆ ಯೋಚನೆ ಮಾಡ್ತೀಯ. ಬಾ."

ಜೀಪು ಡ್ರೈವರ್ ಅಶ್ವಥ್ ಕೈಗೆ ಫಾರಂ ಕೊಟ್ಟು ತಿತಿಮತಿಯಲ್ಲಿ ಇಳಿದರು. ಗೋಣಿಕೊಪ್ಪದಲ್ಲಿ ಬಸ್ ಬದಲಿಸಿದರು, ಸಿದ್ದಾಪುರದ ಮೇಲೆ ಕುಶಾಲನಗರ, ಅಲ್ಲಿಂದ ಹೆಬ್ಬಾಲೆ. ದಾರಿಯುದ್ದಕ್ಕೂ ಅವನು ಕಿಟಕಿಯಾಚೆ ನೋಡುತ್ತಿದ್ದ. ಅವಳು ಅವನ ತೊಡೆಯ ಮೇಲೆ ಬಿಗಿದಿದ್ದ ಮುಷ್ಟಿಯನ್ನು ನೋಡುತ್ತಿದ್ದಳು.

"ಆನೆ ಎದ್ರು ಇಷ್ಟು ಬೆವರಿರ್ಲಿಲ್ಲ ನೀನು."

"ಆನೆ ನಂಗೆ ಗೊತ್ತು," ಅಂದ.

ಬಸ್ ಇಳಿದ ಮೇಲೆ ಮನೆಗೆ ಒಂದು ಕಿಲೋಮೀಟರ್. ಎರಡೂ ಕಡೆ ಜೋಳದ ಹೊಲ. ಈಗ ಅವಳು ಮುಂದೆ, ಅವನು ಹಿಂದೆ.

"ನಾನು ತಿರುಗಿ ನೋಡೋದಿಲ್ಲ," ಅಂದಳು. "ನಿಂಗೆ ಹೋಗ್ಬೇಕು ಅನ್ಸಿದ್ರೆ ಹೋಗು. ಬರೋದಾದ್ರೆ ನಿನ್ನ ಕಾಲಲ್ಲೇ ಬಾ."

ಸೇತುವೆಯ ಬಳಿ ಹಿಂದಿನ ಹೆಜ್ಜೆ ಸದ್ದು ನಿಂತಿತು. ಹರ್ಷಿತಾ ಉಸಿರು ಹಿಡಿದಳು. ಕತ್ತು ತಾನಾಗಿ ತಿರುಗುತ್ತಿತ್ತು, ತಡೆದಳು. ನಡೆಯುತ್ತಲೇ ಇದ್ದಳು. ಮನೆಯ ಹಂಚು ಕಾಣಿಸಿತು. ಹಿಂದೆ ಏನೂ ಕೇಳುತ್ತಿರಲಿಲ್ಲ.

ಆಮೇಲೆ ಜಲ್ಲಿಯ ಮೇಲೆ ಬೂಟಿನ ಸದ್ದು, ಓಡುತ್ತಾ. ಅವನು ಅವಳ ಪಕ್ಕಕ್ಕೆ ಬಂದ. ಪಕ್ಕದಲ್ಲಿ ನಿಲ್ಲಲೂ ಇಲ್ಲ, ಅವಳಿಗಿಂತ ಮುಂದೆ ಹೋಗಿ ಅಂಗಳಕ್ಕೆ ಕಾಲಿಟ್ಟ.

ಜವರಯ್ಯ ಜಗಲಿಯಲ್ಲಿ ಕೂತು ಗುದ್ದಲಿಗೆ ಮರದ ಕಾವು ಹಾಕುತ್ತಿದ್ದ. ಯೂನಿಫಾರಂನ ಇಬ್ಬರನ್ನೂ ಮೇಲಿಂದ ಕೆಳಗೆ ನೋಡಿದ.

"ನಾನು ಧರ್ಮೇಂದ್ರ," ಅಂದ ಅವನು. "ಅವತ್ತು ಬರ್ಬೇಕಾಗಿದ್ದವ. ಇಲ್ಲಿ ತನಕ ಬಂದು ಹೆದರಿ ವಾಪಸ್ ಹೋದೆ. ತಪ್ಪಾಯ್ತು. ತಿತಿಮತಿ ಹಾಡಿಯವ ನಾನು, ವಾಚರ್. ಹರ್ಷಿತಾನ ಮದುವೆ ಆಗ್ಬೇಕು ಅಂತ ಕೇಳ್ಲಿಕ್ಕೆ ಬಂದಿದ್ದೇನೆ."

ಜವರಯ್ಯ ಗುದ್ದಲಿ ಕೆಳಗಿಟ್ಟ. ಮಗಳ ಕಡೆ ನೋಡಿದ. ಅವಳು ಕಣ್ಣು ತಗ್ಗಿಸಲಿಲ್ಲ.

"ಉಂಡಿದ್ದೀರಾ?" ಕೇಳಿದ.

"ಇಲ್ಲ."

"ನಿಂಗಮ್ಮಾ, ಇನ್ನೆರಡು ಮುದ್ದೆ ತಿರುವು." ಎದ್ದು ನಿಂತು ಧರ್ಮೇಂದ್ರನನ್ನು ನೋಡಿದ. "ನಿನ್ನ ಕೇಳೋದು ಬಾಳ ಅದೆ ಕಣಪ್ಪ. ಉಂಡ್ಮೇಲೆ ಕೇಳ್ತೀನಿ. ಆಗ್ಲೂ ಎದ್ದು ಹೋಗ್ದೆ ಕೂತಿರ್ಬೇಕು, ಅಷ್ಟೆ."

"ಕೂತಿರ್ತೇನೆ."

ಬಚ್ಚಲ ಬಳಿ ಹರ್ಷಿತಾ ಚೊಂಬಿನಿಂದ ಅವನ ಕೈಗೆ ನೀರು ಹುಯ್ದಳು. ಅವನ ಕಣ್ಣು ಮನೆಯ ಬಾಗಿಲ ಮೇಲಿತ್ತು, ನೀರೆಲ್ಲ ಬೆರಳ ಸಂದಿಯಿಂದ ಸೋರಿಹೋಯಿತು.

"ಇನ್ನೂ ಹೆದರಿಕೆಯಾ?"

"ತುಂಬಾ."

"ಆಗ್ಲಿ," ಅಂದಳು, ಮೂರು ವಾರದಲ್ಲಿ ಮೊದಲ ಸಲ ನಗುತ್ತಾ. "ಸರಿಯಾಗಿ ಕೈ ತೊಳ್ಕೊ."